ಸಾಗರ, ಹೊಸನಗರ, ತೀರ್ಥಹಳ್ಳಿ: ಬದಲಾದ ಮಲೆನಾಡು ಮತ್ತು ದಾಸೋಹದ ಪ್ರಶ್ನೆ

ಶಿವಮೊಗ್ಗ ಜಿಲ್ಲೆಯ ಪಶ್ಚಿಮ ಭಾಗದಲ್ಲಿರುವ ಸಾಗರ, ಹೊಸನಗರ ಮತ್ತು ತೀರ್ಥಹಳ್ಳಿ ತಾಲ್ಲೂಕುಗಳು ಮಲೆನಾಡಿನ ಹೃದಯಭಾಗ. ಶರಾವತಿ, ವಾರಾಹಿ, ಚಕ್ರಾ ನದಿಗಳು ಹುಟ್ಟುವುದು ಈ ಸೀಮೆಯಲ್ಲಿಯೇ. ತುಂಗೆ ಹರಿದು ಹೋಗುವುದೂ ಈ ಸೀಮೆಯಲ್ಲಿಯೇ. ಆಗುಂಬೆ ಮತ್ತು ಹುಲಿಕಲ್ಲು ಘಟ್ಟಗಳ ಮಳೆಯ ಹೆಸರನ್ನು ಕೇಳದ ಕನ್ನಡಿಗರಿಲ್ಲ. ವೀರಶೈವ ಲಿಂಗಾಯತ ಸಮಾಜಕ್ಕೆ ಈ ನೆಲದೊಡನೆ ಇರುವ ನಂಟು ಇನ್ನೂ ಒಂದು ಬಗೆಯದು. ಇಷ್ಟಲಿಂಗಧಾರಿಗಳಾದ ಅರಸರು ಸುಮಾರು ಎರಡೂವರೆ ಶತಮಾನಕ್ಕೂ ಹೆಚ್ಚು ಕಾಲ ರಾಜ್ಯವಾಳಿ, ಊರೂರಿಗೆ ಮಠಗಳನ್ನು ಕಟ್ಟಿಸಿ, ಜಂಗಮ ದಾಸೋಹಕ್ಕೆ ಭೂಮಿ ಬಿಟ್ಟ ಸೀಮೆ ಇದು.

ಕಳೆದ ಮುಕ್ಕಾಲು ಶತಮಾನದಲ್ಲಿ ಈ ಸೀಮೆಯ ಸ್ವರೂಪ ಬಹಳವಾಗಿ ಬದಲಾಗಿದೆ. ಹೊಳೆಗಳು ಜಲಾಶಯಗಳಾದವು, ಗೇಣಿದಾರರು ಭೂಒಡೆಯರಾದರು, ಭತ್ತದ ಗದ್ದೆಗಳು ಅಡಿಕೆ ತೋಟಗಳಾದವು, ಓದಿದ ಮಕ್ಕಳು ನಗರ ಸೇರಿದರು. ಈ ಬದಲಾವಣೆಗಳನ್ನು ಕ್ರಮವಾಗಿ ತಿಳಿಸುವುದು, ಅವುಗಳ ನಡುವೆ ಶ್ರೀಮಠಗಳೂ ಸದ್ಭಕ್ತರೂ ಉಳಿಸಿಕೊಳ್ಳಬೇಕಾದುದು ಯಾವುದು ಎಂಬುದನ್ನು ವಿಚಾರಿಸುವುದು ಈ ಲೇಖನದ ಉದ್ದೇಶ.

ಕೆಳದಿ ಅರಸರ ಕಾಲ

ಸಾಗರ ಪಟ್ಟಣಕ್ಕೆ ಸಮೀಪದ ಕೆಳದಿಯಲ್ಲಿ ಕ್ರಿ.ಶ. 1500ರ ಸುಮಾರಿಗೆ ಚೌಡಪ್ಪನಾಯಕನಿಂದ ಆರಂಭವಾದ ಅರಸುಮನೆತನವು ಮೊದಲು ಇಕ್ಕೇರಿಗೂ, ಅಲ್ಲಿ ಬಿಜಾಪುರದ ದಾಳಿಯಾದ ಬಳಿಕ ಬಿದನೂರಿಗೂ ರಾಜಧಾನಿಯನ್ನು ಬದಲಿಸಿತು. ಕೆಳದಿಯ ರಾಮೇಶ್ವರ, ಇಕ್ಕೇರಿಯ ಅಘೋರೇಶ್ವರ ದೇವಾಲಯಗಳು ಆ ಕಾಲದ ಶಿಲ್ಪಕ್ಕೆ ಇಂದಿಗೂ ಸಾಕ್ಷಿ. ಸಾಗರ ಎಂಬ ಊರಿನ ಹೆಸರೂ ಸದಾಶಿವನಾಯಕನ ಹೆಸರಿನ ಸದಾಶಿವಸಾಗರದಿಂದ ಬಂದುದು.

ಈ ಮನೆತನದ ಮೂವರನ್ನು ಇಲ್ಲಿ ನೆನೆಯಬೇಕು. 1645ರಿಂದ 1660ರವರೆಗೆ ಆಳಿದ ಶಿವಪ್ಪನಾಯಕನು ಭೂಕಂದಾಯಕ್ಕೆ ಒಂದು ಕ್ರಮವನ್ನು ತಂದನು. ಪ್ರತಿ ಗ್ರಾಮದಲ್ಲಿ ಭೂಮಿಯನ್ನು ಫಲವತ್ತತೆಗೆ ತಕ್ಕಂತೆ ಐದು ದರ್ಜೆಗಳಾಗಿ ವಿಂಗಡಿಸಿ, ಒಂದೊಂದು ದರ್ಜೆಯ ಹೊಲವನ್ನು 12 ವರ್ಷ ಸಾಗುವಳಿ ಮಾಡಿಸಿ, ಖರ್ಚು ಮತ್ತು ಹುಟ್ಟುವಳಿಯ ಲೆಕ್ಕವಿಟ್ಟು, ಸರಾಸರಿಯ ಮೂರನೆಯ ಒಂದು ಪಾಲನ್ನು ಅರಮನೆಗೆ ಗೊತ್ತುಪಡಿಸಿದನೆಂದು ಹಳೆಯ ಗೆಜೆಟಿಯರುಗಳು ದಾಖಲಿಸಿವೆ. ‘ಶಿವಪ್ಪನಾಯಕನ ಶಿಸ್ತು’ ಎಂದು ನಾಡು ಕರೆದದ್ದು ಇದನ್ನೇ. ಶಿಸ್ತು ಎಂದರೆ ಆಗ ಕಂದಾಯವೆಂದು ಅರ್ಥ. ಅಳೆಯುವವನು ಅರಸನಾದರೂ ಅಳತೆಯ ಆಧಾರ ರೈತನ ನಿಜವಾದ ಫಸಲೇ ಆಗಿರಬೇಕೆಂಬುದು ಅದರ ಹಿಂದಿದ್ದ ನ್ಯಾಯ.

1672ರಿಂದ 1697ರವರೆಗೆ ಆಳಿದ ರಾಣಿ ಚೆನ್ನಮ್ಮಾಜಿಯು ಔರಂಗಜೇಬನ ಸೈನ್ಯಕ್ಕೆ ಅಂಜದೆ, ಶಿವಾಜಿಯ ಮಗ ರಾಜಾರಾಮನಿಗೆ ಆಶ್ರಯವಿತ್ತಳು. ಶರಣು ಬಂದವರನ್ನು ಕೈಬಿಡದಿರುವ ಧರ್ಮಕ್ಕಾಗಿ ರಾಜ್ಯವನ್ನೇ ಪಣವಿಟ್ಟ ಪ್ರಸಂಗವದು. ಅವಳ ದತ್ತುಪುತ್ರ ಬಸವಪ್ಪನಾಯಕನು ‘ಶಿವತತ್ತ್ವರತ್ನಾಕರ’ ಎಂಬ ಸಂಸ್ಕೃತ ವಿಶ್ವಕೋಶವನ್ನು ರಚಿಸಿದನು.

ನಾಯಕರ ಕಾಲದಲ್ಲಿ ಕವಲೇದುರ್ಗದಲ್ಲಿ ಮಹತ್ತಿನ ಮಠವು ಪ್ರವರ್ಧಮಾನಕ್ಕೆ ಬಂದಿತು. ಆನಂದಪುರದ ಮುರುಘಾಮಠ, ಹೊಸನಗರ ತಾಲ್ಲೂಕಿನ ಮೂಲೆಗದ್ದೆ ಮಠ, ಕೋಣಂದೂರಿನ ಬೃಹನ್ಮಠ ಮೊದಲಾದವು ಇಂದಿಗೂ ಈ ಸೀಮೆಯ ಧಾರ್ಮಿಕ ಬದುಕಿನ ಆಧಾರಗಳಾಗಿವೆ. ಇದೇ ನೆಲದಲ್ಲಿ ಹೊಂಬುಜದ ಜೈನಮಠ, ಹವ್ಯಕ ಸಮಾಜದ ರಾಮಚಂದ್ರಾಪುರ ಮಠಗಳೂ ಬೆಳೆದವು. ಮಲೆನಾಡಿನ ಧರ್ಮಜೀವನ ಎಂದೂ ಒಂದೇ ಸಮಾಜದ ಸೊತ್ತಾಗಿರಲಿಲ್ಲ.

1763ರಲ್ಲಿ ಬಿದನೂರು ಹೈದರಾಲಿಯ ವಶವಾಗಿ ಹೈದರನಗರವೆಂದೂ, ಮುಂದೆ ಬರಿಯ ನಗರವೆಂದೂ ಕರೆಯಲ್ಪಟ್ಟಿತು. ಅರಮನೆಯ ಆಶ್ರಯ ಹೋಯಿತು. ಮಠಗಳು ಉಂಬಳಿ ಭೂಮಿಗಳ ಆಧಾರದ ಮೇಲೆ ಉಳಿದವು. ಕಂದಾಯದ ಶೋಷಣೆಗೆ ಎದುರಾಗಿ 1830ರಲ್ಲಿ ನಗರ ಸೀಮೆಯ ರೈತರು ದಂಗೆಯೆದ್ದರು. ಮರುವರ್ಷವೇ ಬ್ರಿಟಿಷರು ಮೈಸೂರಿನ ಆಡಳಿತವನ್ನು ಕೈಗೆ ತೆಗೆದುಕೊಳ್ಳಲು ಅದು ಒಂದು ಮುಖ್ಯ ಕಾರಣವಾಯಿತು. ಮಲೆನಾಡಿನವರು ಅನ್ಯಾಯವನ್ನು ಸಹಿಸಿಕೊಂಡಿರುವ ಸಾಧುಜನರೆಂಬ ಮಾತು ಚರಿತ್ರೆಗೆ ಒಪ್ಪುವುದಿಲ್ಲ.

ಗೇಣಿಯ ಬದುಕು ಮತ್ತು ಕಾಗೋಡು

ಹಿಂದಿನ ಮಲೆನಾಡನ್ನು ನೆನೆಯುವಾಗ ದೊಡ್ಡ ಚೌಕಿಮನೆ, ತುಂಬಿದ ಪಣತ, ನಿತ್ಯದ ಅನ್ನದಾನಗಳ ಚಿತ್ರ ನಮ್ಮ ಹಿರಿಯರ ಮಾತಿನಲ್ಲಿ ಬರುತ್ತದೆ. ಅದು ಸುಳ್ಳಲ್ಲ. ಆದರೆ ಆ ಪಣತ ತುಂಬುತ್ತಿದ್ದುದು ಬಹುಪಾಲು ಗೇಣಿಯಿಂದ. ಭೂಮಿ ಕೆಲವೇ ಮನೆತನಗಳ ಕೈಯಲ್ಲಿತ್ತು. ಉಳುವವರು ವರ್ಷವರ್ಷವೂ ಗೇಣಿ ಅಳೆದುಕೊಡುವವರು. ಮಠಗಳ ಉಂಬಳಿ ಭೂಮಿಯೂ ಇದಕ್ಕೆ ಹೊರತಾಗಿರಲಿಲ್ಲ.

ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಈ ವ್ಯವಸ್ಥೆ 1951ರಲ್ಲಿ ಬಿರುಕುಬಿಟ್ಟಿತು. ವಿವಾದದ ಮೂಲ ಗೇಣಿ ಅಳೆಯುವ ಕೊಳಗದ ಗಾತ್ರ. ಭೂಒಡೆಯರು ದೊಡ್ಡ ಕೊಳಗದಲ್ಲಿ ಅಳೆದುಕೊಳ್ಳುತ್ತಾರೆಂಬುದು ದೀವರ ಸಮಾಜದ ಗೇಣಿದಾರರ ದೂರು. ಎಚ್. ಗಣಪತಿಯಪ್ಪನವರು ರೈತರನ್ನು ಸಂಘಟಿಸಿದರು. ಸಮಾಜವಾದಿ ಪಕ್ಷ ಬೆಂಬಲಕ್ಕೆ ನಿಂತಿತು. ಡಾ. ರಾಮಮನೋಹರ ಲೋಹಿಯಾ ಅವರು ಕಾಗೋಡಿಗೆ ಬಂದು ಬಂಧನಕ್ಕೊಳಗಾದ ಮೇಲೆ ಈ ಹಳ್ಳಿಯ ಹೆಸರು ದೇಶಕ್ಕೆಲ್ಲ ತಿಳಿಯಿತು. ತೀರ್ಥಹಳ್ಳಿ ತಾಲ್ಲೂಕಿನ ಶಾಂತವೇರಿ ಗೋಪಾಲಗೌಡರು 1952ರ ಮೊದಲ ಚುನಾವಣೆಯಲ್ಲಿ ಸಾಗರ–ಹೊಸನಗರ ಕ್ಷೇತ್ರದಿಂದ ವಿಧಾನಸಭೆಗೆ ಆಯ್ಕೆಯಾದದ್ದು ಈ ಹೋರಾಟದ ಬೆನ್ನಿಗೇ. ಅದೇ ತಾಲ್ಲೂಕಿನ ಕಡಿದಾಳ್ ಮಂಜಪ್ಪನವರು ಕಂದಾಯ ಸಚಿವರಾಗಿ ಗೇಣಿ ಮತ್ತು ಇನಾಂ ಸುಧಾರಣೆಗೆ ದುಡಿದರು. ಹೀಗೆ ಮೂರು ತಾಲ್ಲೂಕುಗಳೂ ಸೇರಿ ರಾಜ್ಯದ ಭೂಸುಧಾರಣೆಗೆ ದಾರಿ ತೋರಿದವು.

ಕಾಗೋಡಿನ ಭೂಒಡೆಯರಲ್ಲಿ ನಮ್ಮ ಸಮಾಜದವರೂ ಇದ್ದರೆಂಬುದನ್ನು ಮರೆಮಾಚುವ ಅಗತ್ಯವಿಲ್ಲ. ಶಿವಪ್ಪನಾಯಕನ ನ್ಯಾಯದ ಅಳತೆಯನ್ನು ಕೊಂಡಾಡುವವರು ಕೊಳಗದ ಪ್ರಶ್ನೆಯನ್ನೂ ಅಷ್ಟೇ ನೇರವಾಗಿ ಎದುರಿಸಬೇಕು.

1955ರ ಧಾರ್ಮಿಕ ಇನಾಂ ರದ್ದತಿ ಕಾಯ್ದೆ, ಬಳಿಕ ದೇವರಾಜ ಅರಸು ಅವರ ಕಾಲದಲ್ಲಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣಾ ತಿದ್ದುಪಡಿ ಕಾಯ್ದೆಗಳಿಂದ ಗೇಣಿ ಪದ್ಧತಿ ಕೊನೆಗೊಂಡಿತು. ಗೇಣಿದಾರರು ಭೂನ್ಯಾಯಮಂಡಳಿಗೆ ಅರ್ಜಿ ಸಲ್ಲಿಸಿ ಉಳುವ ಭೂಮಿಗೆ ಒಡೆಯರಾದರು. ದೇವಸ್ಥಾನ, ಮಠಗಳಿಗೆ ಭೂಮಿಯ ಬದಲು ತಸ್ತೀಕು ಬಂದಿತು. ಅದರ ಮೊತ್ತ ಅಲ್ಪ. ಅನೇಕ ಸಣ್ಣ ಮಠಗಳಲ್ಲಿ ದಾಸೋಹ ನಿಲ್ಲುವ ಸ್ಥಿತಿಗೆ ಬಂದಿತೆಂಬುದು ನಿಜ. ಅಂದು ಹಲವರು ಇದನ್ನು ಧರ್ಮಕ್ಕೆ ಬಂದ ಹಾನಿಯೆಂದೇ ಭಾವಿಸಿದರು.

ಇಂದು ಹಿಂದಿರುಗಿ ನೋಡಿದಾಗ ಇನ್ನೊಂದು ಸತ್ಯ ಕಾಣುತ್ತದೆ. ಬಸವಾದಿ ಶರಣರು ಹೇಳಿದ ದಾಸೋಹ ಕಾಯಕದ ಮುಂದುವರಿಕೆ. ತಾನು ದುಡಿದು ಗಳಿಸಿದುದನ್ನು ಸಮಾಜಕ್ಕೆ ಅರ್ಪಿಸುವುದೇ ಅದರ ಲಕ್ಷಣ; ಪರರ ದುಡಿಮೆಯ ಪಾಲನ್ನು ಪಡೆದು ಬಡಿಸುವುದು ದಾನವಾಗಬಹುದು, ದಾಸೋಹವೆನಿಸದು. ಗೇಣಿ ಹೋದ ಮೇಲೆ ಮಠದ ಉಗ್ರಾಣಕ್ಕೆ ಅಕ್ಕಿ ತಂದವರು ತಮ್ಮದೇ ಗದ್ದೆಯಲ್ಲಿ ದುಡಿದ ಸಣ್ಣ ರೈತರು. ಅವರಲ್ಲಿ ಹಿಂದೆ ಗೇಣಿ ಅಳೆದ ಮನೆಗಳ ಮಕ್ಕಳೂ ಇದ್ದಾರೆ. ಕಾನೂನು ಭೂಮಿಯನ್ನು ಕಸಿಯಿತು. ಆದರೆ ದಾಸೋಹವನ್ನು ಅದರ ಮೂಲತತ್ತ್ವದ ಹತ್ತಿರಕ್ಕೆ ತಂದಿತು.

ಮುಳುಗಿದ ಊರುಗಳು

ಭೂಸುಧಾರಣೆ ಭೂಮಿಯ ಒಡೆತನವನ್ನು ಬದಲಿಸಿದರೆ, ಜಲವಿದ್ಯುತ್ ಯೋಜನೆಗಳು ಭೂಮಿಯನ್ನೇ ಕಾಣದಂತೆ ಮಾಡಿದವು. ಜೋಗದ ವಿದ್ಯುದಾಗಾರಕ್ಕಾಗಿ 1940ರ ದಶಕದಲ್ಲಿ ಮಡೆನೂರಿನಲ್ಲಿ ಹಿರೇಭಾಸ್ಕರ ಅಣೆಕಟ್ಟೆ ಎದ್ದಿತು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟೆ ಪೂರ್ಣಗೊಂಡಾಗ ಹಿರೇಭಾಸ್ಕರವೇ ಅದರ ನೀರಿನಲ್ಲಿ ಮುಳುಗಿತು. ಲಿಂಗನಮಕ್ಕಿಯ ಪೂರ್ಣಮಟ್ಟ 1,819 ಅಡಿ, ಸಂಗ್ರಹ ಸಾಮರ್ಥ್ಯ ಸುಮಾರು 151 ಟಿ.ಎಂ.ಸಿ. ಅಡಿ. ನೀರು ತೀರ ಇಳಿದ ಬೇಸಿಗೆಗಳಲ್ಲಿ ಮಡೆನೂರಿನ ಹಳೆಯ ಕಟ್ಟೆ ಇಂದಿಗೂ ಮೇಲೆದ್ದು ಕಾಣುತ್ತದೆ.

ಸಾಗರ ಮತ್ತು ಹೊಸನಗರ ತಾಲ್ಲೂಕುಗಳ ಶರಾವತಿ ಕಣಿವೆಯ ಸಾವಿರಾರು ಕುಟುಂಬಗಳು ಆಗ ಮನೆಮಾರು ಬಿಟ್ಟವು. ಗದ್ದೆ, ತೋಟ, ಗುಡಿ, ಹಿರಿಯರ ಸಮಾಧಿ, ಗದ್ದುಗೆಗಳು ನೀರಿನ ಪಾಲಾದವು. ಮುಂದೆ ಹೊಸನಗರ ತಾಲ್ಲೂಕಿನಲ್ಲಿ ವಾರಾಹಿ ಯೋಜನೆಯ ಮಾಣಿ ಅಣೆಕಟ್ಟೆ, ಚಕ್ರಾ ಮತ್ತು ಸಾವೇಹಕ್ಕಲು ಅಣೆಕಟ್ಟೆಗಳು ಬಂದವು. ಒಂದೇ ತಾಲ್ಲೂಕು ಇಷ್ಟೊಂದು ಜಲಾಶಯಗಳಿಗೆ ನೆಲ ಬಿಟ್ಟುಕೊಟ್ಟ ಉದಾಹರಣೆ ರಾಜ್ಯದಲ್ಲಿ ಅಪರೂಪ.

ಇದರಿಂದ ನಾಡಿಗಾದ ಉಪಕಾರವನ್ನು ಅಲ್ಲಗಳೆಯುವಂತಿಲ್ಲ. 1,035 ಮೆಗಾವಾಟ್ ಸಾಮರ್ಥ್ಯದ ಶರಾವತಿ ವಿದ್ಯುದಾಗಾರವು ದಶಕಗಳ ಕಾಲ ಕರ್ನಾಟಕದ ಕೈಗಾರಿಕೆಗೆ, ನಗರಗಳಿಗೆ ಬೆಳಕು ಕೊಟ್ಟಿತು. ಆದರೆ ಆ ಬೆಳಕಿಗಾಗಿ ಊರು ಬಿಟ್ಟವರ ಹೊಸ ಮನೆಗಳಲ್ಲಿ ಬಹುಕಾಲ ಚಿಮಣಿ ದೀಪವೇ ಇತ್ತು. ಅದಕ್ಕಿಂತ ದೊಡ್ಡ ಸಂಕಟ ಹಕ್ಕುಪತ್ರದ್ದು. ಸಂತ್ರಸ್ತರಿಗೆ ಅರಣ್ಯ ಪ್ರದೇಶದಲ್ಲಿ ಜಾಗ ತೋರಿಸಲಾಯಿತು. ಆ ಭೂಮಿಯನ್ನು ಅರಣ್ಯದ ದಾಖಲೆಯಿಂದ ಬಿಡಿಸಿ ಅವರ ಹೆಸರಿಗೆ ಮಾಡುವ ಕೆಲಸ ಎಷ್ಟೋ ಕಡೆ ಪೂರ್ಣವಾಗಲಿಲ್ಲ. 1980ರ ಅರಣ್ಯ ಸಂರಕ್ಷಣಾ ಕಾಯ್ದೆಯ ಬಳಿಕ ಅದಕ್ಕೆ ಕೇಂದ್ರ ಸರ್ಕಾರದ ಅನುಮತಿಯೂ ಬೇಕಾಯಿತು. ಪರಿಣಾಮವಾಗಿ, ನಾಡಿಗಾಗಿ ನೆಲ ಕೊಟ್ಟವರ ಮೊಮ್ಮಕ್ಕಳು ಕಾಗದದ ಮೇಲೆ ಇಂದಿಗೂ ಅರಣ್ಯ ಒತ್ತುವರಿದಾರರು. ಬ್ಯಾಂಕಿನ ಸಾಲ, ಬೆಳೆ ಪರಿಹಾರ, ಮನೆ ಕಟ್ಟುವ ಅನುಮತಿ ಎಲ್ಲಕ್ಕೂ ಇದೇ ತೊಡಕು. ಅಳತೆಯ ಅನ್ಯಾಯ ಕೊಳಗದೊಡನೆ ಮುಗಿಯಲಿಲ್ಲವೆಂಬುದಕ್ಕೆ ಇದು ನಿದರ್ಶನ.

ಹಿನ್ನೀರಿನ ಆಚೆ ಉಳಿದ ಕರೂರು, ಬಾರಂಗಿ ಹೋಬಳಿಗಳ ಜನರು ಸುಮಾರು ಆರು ದಶಕ ಸಾಗರ ಪಟ್ಟಣಕ್ಕೆ ಬರಲು ಲಾಂಚನ್ನೇ ನೆಚ್ಚಿದ್ದರು. ಕತ್ತಲಾದ ಮೇಲೆ ಹೆರಿಗೆಯ ನೋವು ಬಂದರೆ, ಹಾವು ಕಚ್ಚಿದರೆ, ಘಟ್ಟದ ಸುತ್ತುದಾರಿಯೇ ಗತಿ. ಅಂಬಾರಗೋಡ್ಲು ಮತ್ತು ಕಳಸವಳ್ಳಿಗಳ ನಡುವಿನ ಸುಮಾರು 2.4 ಕಿಲೋಮೀಟರ್ ಉದ್ದದ ಸೇತುವೆ 2025ರ ಜುಲೈನಲ್ಲಿ ಲೋಕಾರ್ಪಣೆಯಾದಾಗ ಆ ಜನರ ದೀರ್ಘಕಾಲದ ಬೇಡಿಕೆ ಈಡೇರಿತು. ಸಿಗಂದೂರು ಚೌಡೇಶ್ವರಿಯ ಭಕ್ತರಿಗೆ ದಾರಿ ಸುಗಮವಾಯಿತು. ದಾರಿಯೊಡನೆ ಜನಸಂದಣಿ, ತಂಗುಮನೆಗಳು, ಭೂಮಿಯ ಬೆಲೆಯ ಏರಿಕೆಗಳೂ ಬರುತ್ತವೆ. ಮುಳುಗಡೆಯನ್ನು ಸಹಿಸಿ ಉಳಿದವರು ಮಾರಾಟದ ಆಸೆಯಲ್ಲಿ ಕರಗಿಹೋಗದಂತೆ ಎಚ್ಚರ ವಹಿಸಬೇಕಾದ ಕಾಲವಿದು.

ಶರಾವತಿಯ ಮೇಲಿನ ಬೇಡಿಕೆ ಇನ್ನೂ ನಿಂತಿಲ್ಲ. ಲಿಂಗನಮಕ್ಕಿಯ ನೀರನ್ನು ಬೆಂಗಳೂರಿಗೆ ಒಯ್ಯುವ ಪ್ರಸ್ತಾಪ 2019ರಲ್ಲಿ ಬಂದಾಗ ಜಿಲ್ಲೆಯ ಜನ ಒಗ್ಗಟ್ಟಾಗಿ ಪ್ರತಿಭಟಿಸಿದರು. ತಲಕಳಲೆ ಮತ್ತು ಗೇರುಸೊಪ್ಪೆ ಜಲಾಶಯಗಳ ನಡುವೆ 2,000 ಮೆಗಾವಾಟ್‌ನ ಭೂಗತ ಪಂಪ್ಡ್ ಸ್ಟೋರೇಜ್ ಯೋಜನೆಯ ಬಗೆಗೂ ಪರ ವಿರೋಧದ ಚರ್ಚೆ ನಡೆದಿದೆ.

ಕಾಡು, ತೋಟ ಮತ್ತು ದುಡಿಮೆ

ಮಲೆನಾಡಿನ ಅಡಿಕೆ ತೋಟ ಒಂಟಿಯಾಗಿ ನಿಲ್ಲುವ ಬೆಳೆಯಲ್ಲ. ತೋಟದ ಮೇಲಿನ ಸೊಪ್ಪಿನಬೆಟ್ಟದಿಂದ ಹಸಿಸೊಪ್ಪು ಮತ್ತು ದರಗು, ಕೊಟ್ಟಿಗೆಯಿಂದ ಗೊಬ್ಬರ, ಕೆಳಗಿನ ಗದ್ದೆಯಿಂದ ಹುಲ್ಲು, ಹೀಗೆ ಕಾಡು, ದನ, ಗದ್ದೆ, ತೋಟಗಳು ಒಂದಕ್ಕೊಂದು ಆಧಾರವಾಗಿದ್ದವು. ಮಳೆಗಾಲದ ಕೊಳೆರೋಗಕ್ಕೆ ಕೊನೆಗಾರರು ಮರವೇರಿ ಕೊಟ್ಟೆ ಕಟ್ಟುತ್ತಿದ್ದರು. ಬಳಿಕ ಬೋರ್ಡೋ ದ್ರಾವಣ ಬಂದಿತು. ಸುಗ್ಗಿಯಲ್ಲಿ ಅಡಿಕೆ ಸುಲಿಯಲು ಮನೆಯಿಂದ ಮನೆಗೆ ಜನ ಸೇರುತ್ತಿದ್ದರು. ಇವತ್ತು ನಮ್ಮ ಮನೆಗೆ, ನಾಳೆ ನಿಮ್ಮ ಮನೆಗೆ ಎಂಬ ಮುಯ್ಯಾಳು ಪದ್ಧತಿಯಲ್ಲಿ ಕೂಲಿಯ ಲೆಕ್ಕವಿರಲಿಲ್ಲ, ಋಣದ ಲೆಕ್ಕವಿತ್ತು.

1939ರಲ್ಲಿ ಸ್ಥಾಪನೆಯಾದ ಮ್ಯಾಮ್‌ಕೋಸ್ ಸಹಕಾರ ಸಂಘವು ದಲ್ಲಾಳಿಗಳ ಹಿಡಿತದಿಂದ ಬೆಳೆಗಾರರನ್ನು ಬಿಡಿಸಲು ನೆರವಾಯಿತು. ಅಡಿಕೆಗೆ ಒಳ್ಳೆಯ ಧಾರಣೆ ಬಂದಂತೆ ಶಿಕ್ಷಣ, ಆರೋಗ್ಯ, ಮನೆಗಳು ಸುಧಾರಿಸಿದವು. ಅದರ ಜೊತೆಗೇ ಭತ್ತದ ಗದ್ದೆಗಳು ತೋಟಗಳಾದವು. ದನ ಕಡಿಮೆಯಾಯಿತು, ಸೊಪ್ಪಿನ ಬದಲು ಚೀಲದ ಗೊಬ್ಬರ ಬಂದಿತು. ಸುಲಿಯುವ ಕೆಲಸವನ್ನು ಯಂತ್ರ ವಹಿಸಿಕೊಂಡಿತು. ಆಳು ಸಿಗದ ಮನೆಗಳು ಫಸಲನ್ನು ಮರದ ಮೇಲಿರುವಾಗಲೇ ಚೇಣಿಗೆ ಕೊಡುತ್ತಿವೆ. ಒಂದೇ ಬೆಳೆಯ ಮೇಲೆ ನಿಂತ ಬದುಕು ಎಷ್ಟು ದುರ್ಬಲವೆಂಬುದನ್ನು ಹಳದಿ ಎಲೆ ರೋಗ ಮತ್ತು ಈಚಿನ ವರ್ಷಗಳ ಎಲೆಚುಕ್ಕಿ ರೋಗ ತೋರಿಸಿಕೊಟ್ಟಿವೆ. ಹೊಸನಗರ, ತೀರ್ಥಹಳ್ಳಿ, ಸಾಗರದ ಮಳೆ ಹೆಚ್ಚುಬೀಳುವ ಕಡೆಗಳಲ್ಲಿ ಇಡೀ ತೋಟಗಳು ಸೊರಗಿವೆ.

ಕಾಡಿನ ಕಥೆಯೂ ಇದೇ. ಕಾಗದದ ಕಾರ್ಖಾನೆಗೆಂದು 1980ರಲ್ಲಿ 40 ವರ್ಷಗಳ ಗುತ್ತಿಗೆಗೆ ಕೊಟ್ಟ ಅರಣ್ಯಭೂಮಿಯಲ್ಲಿ ಅಕೇಶಿಯಾ ನೆಡುತೋಪುಗಳೆದ್ದವು. ಹಣ್ಣು, ಜೇನು, ಸೊಪ್ಪು ಕೊಡುತ್ತಿದ್ದ ಬೆಟ್ಟ ದನಕ್ಕೂ ಹಕ್ಕಿಗೂ ಬೇಡವಾದ ಕಾಡಾಯಿತು. 1957ರಲ್ಲಿ ನೆರೆಯ ಸೊರಬ ತಾಲ್ಲೂಕಿನ ಕ್ಯಾಸನೂರಿನಲ್ಲಿ ಮೊದಲು ಗುರುತಿಸಲಾದ ಮಂಗನ ಕಾಯಿಲೆ 2019ರ ಆರಂಭದಲ್ಲಿ ಸಾಗರ ತಾಲ್ಲೂಕಿನ ಅರಳಗೋಡು ಸುತ್ತಮುತ್ತ ಜೀವಗಳನ್ನು ಬಲಿತೆಗೆದುಕೊಂಡಿತು. ಸೋಂಕು ತಗುಲಿದ ಉಣ್ಣೆಗಳಿಂದ ಹರಡುವ ಈ ರೋಗಕ್ಕೆ ಮೊದಲು ತುತ್ತಾಗುವವರು ಸೊಪ್ಪು, ಸೌದೆಗೆಂದು ಕಾಡಿಗೆ ಹೋಗುವ ಬಡವರೇ.

ಅಕ್ಷರ, ರಂಗಭೂಮಿ, ವಲಸೆ

ಆಧುನಿಕತೆ ಈ ಸೀಮೆಗೆ ನಷ್ಟವನ್ನಷ್ಟೇ ತರಲಿಲ್ಲ. ಹೆಗ್ಗೋಡಿನಲ್ಲಿ 1949ರಲ್ಲಿ ಹುಟ್ಟಿದ ನೀನಾಸಂ, ಕೆ.ವಿ. ಸುಬ್ಬಣ್ಣನವರ ನೇತೃತ್ವದಲ್ಲಿ ಒಂದು ಹಳ್ಳಿಯನ್ನು ದೇಶದ ರಂಗಭೂಮಿಯ ನಕ್ಷೆಯಲ್ಲಿ ಸೇರಿಸಿತು. 1991ರಲ್ಲಿ ಅವರಿಗೆ ಮ್ಯಾಗ್ಸೆಸೆ ಪ್ರಶಸ್ತಿ ದೊರೆಯಿತು. ತೀರ್ಥಹಳ್ಳಿಯ ನೆಲ ಕುವೆಂಪು ಮತ್ತು ಯು.ಆರ್. ಅನಂತಮೂರ್ತಿಯವರನ್ನು ಕನ್ನಡಕ್ಕೆ ಕೊಟ್ಟಿತು. ಒಳಗಿನ ದೋಷಗಳನ್ನು ಮುಚ್ಚಿಡದೆ ಬರೆದ ಈ ಲೇಖಕರ ಧೈರ್ಯ ಮಲೆನಾಡಿನ ಗುಣವೇ ಆಗಿದೆ. ಕೆಳದಿಯ ವಸ್ತುಸಂಗ್ರಹಾಲಯದಲ್ಲಿ ತಾಡವೋಲೆ, ಕಡತಗಳನ್ನು ಕೂಡಿಸಿ ನಾಯಕರ ಚರಿತ್ರೆಗೆ ಆಧಾರ ಒದಗಿಸಿದ ಕೆಳದಿ ಗುಂಡಾಜೋಯಿಸರ ಶ್ರಮವೂ ಸ್ಮರಣೀಯ.

ಆದರೆ ಓದಿದ ಮಕ್ಕಳು ಬೆಂಗಳೂರು ಸೇರಿದರು. ಊರಿನ ಎಷ್ಟೋ ಮನೆಗಳಲ್ಲಿ ಈಗ ಇಬ್ಬರು ವೃದ್ಧರು, ಒಂದು ನಾಯಿ, ಬೀಗ ಹಾಕಿದ ಕೋಣೆಗಳು. ಸಾಗರದ ಮಾರಿಜಾತ್ರೆಗೆ, ತೀರ್ಥಹಳ್ಳಿಯ ಎಳ್ಳಮಾವಾಸ್ಯೆಗೆ, ಮಠದ ಉತ್ಸವಕ್ಕೆ ಮಕ್ಕಳು ಬರುತ್ತಾರೆ. ಹಬ್ಬ ಮುಗಿದ ಮರುದಿನ ಊರು ಮತ್ತೆ ಮೌನವಾಗುತ್ತದೆ. ಲಿಂಗಪೂಜೆಯನ್ನು ಮನೆಯ ಹಿರಿಯರಿಂದ ನೋಡಿ ಕಲಿಯುತ್ತಿದ್ದ ಪರಂಪರೆಗೆ ಇದರಿಂದ ಆದ ಪೆಟ್ಟು ಸಣ್ಣದಲ್ಲ.

ಶ್ರೀಮಠಗಳ ಮತ್ತು ಭಕ್ತರ ಹೊಣೆ

ಈ ಚರಿತ್ರೆಯಿಂದ ನಾವು ತಿಳಿಯುವುದೇನು? ಮಲೆನಾಡು ಎಂದೂ ಬದಲಾಗದೆ ಉಳಿದ ನೆಲವಲ್ಲ. ಅರಮನೆ ಹೋದಾಗ, ಉಂಬಳಿ ಹೋದಾಗ, ಊರುಗಳೇ ಮುಳುಗಿದಾಗಲೂ ಅದು ಬದುಕಿತು. ಬದುಕಿಸಿದ್ದು ಭೂಮಿಯ ಒಡೆತನವಲ್ಲ. ಇದ್ದುದನ್ನು ಹಂಚಿಕೊಳ್ಳುವ ರೂಢಿ. ಆದ್ದರಿಂದ ಹಿಂದಿನ ವೈಭವ ಮರಳಲಿ ಎಂದು ನಾವು ಹಂಬಲಿಸಬೇಕಾಗಿಲ್ಲ. ಮುಂದೆ ಬರುವ ಪ್ರತಿಯೊಂದು ಯೋಜನೆಯ ಎದುರೂ, ಪ್ರತಿಯೊಂದು ಲಾಭದ ಎದುರೂ ಒಂದೇ ಪ್ರಶ್ನೆಯನ್ನು ಇಡಬೇಕು: ಇದರಲ್ಲಿ ಯಾರ ಪಾಲು ಎಷ್ಟು? ಅಳೆಯುವ ಕೊಳಗ ಸರಿಯಾಗಿದೆಯೆ?

ಈ ದೃಷ್ಟಿಯಿಂದ ಮಾಡಬಹುದಾದ ಕಾರ್ಯಗಳು ಕೆಲವುಂಟು. ಮುಳುಗಡೆ ಸಂತ್ರಸ್ತ ಕುಟುಂಬಗಳು ಹಳೆಯ ಪರಿಹಾರದ ಆದೇಶ, ಪಹಣಿ, ಕಂದಾಯ ರಸೀದಿಗಳನ್ನು ಜೋಪಾನವಾಗಿಡಲು, ಅರ್ಜಿ ಬರೆಯಲು ಓದಿದ ಭಕ್ತರು ಜಾತಿ ನೋಡದೆ ನೆರವಾಗಬೇಕು. ಮಠಗಳಲ್ಲಿರುವ ತಾಡವೋಲೆ, ಕಡತ, ದಾನಪತ್ರಗಳ ಛಾಯಾಪ್ರತಿ ತೆಗೆಸಿ ಸಂರಕ್ಷಿಸಬೇಕು. ನಗರದ ಕೊಪ್ಪಲು ಮಠದಲ್ಲಿರುವ ನಾಯಕ ಮನೆತನದ ಗದ್ದುಗೆಗಳಂತಹ ಸ್ಥಳಗಳನ್ನು ವರ್ಷಕ್ಕೊಮ್ಮೆಯಾದರೂ ಶ್ರಮದಾನದಿಂದ ಶುಚಿಗೊಳಿಸಬೇಕು. ರೋಗ ಬಂದ ತೋಟಗಳ ಔಷಧಿ ಸಿಂಪಡಣೆಗೆ ಊರವರು ಕೂಡಿ ಮುಯ್ಯಾಳಿನ ಪದ್ಧತಿಯನ್ನು ಹೊಸ ರೂಪದಲ್ಲಿ ತರಬಹುದು. ಊರಿನಲ್ಲಿ ಒಂಟಿಯಾಗಿರುವ ಹಿರಿಯರ ಮನೆಗೆ ವಾರಕ್ಕೊಮ್ಮೆ ಹೋಗಿ ವಿಚಾರಿಸುವುದು ಜಂಗಮಸೇವೆಗೆ ಕಡಿಮೆಯಾದುದಲ್ಲ. ಬೆಂಗಳೂರಿನಲ್ಲಿರುವ ಮಕ್ಕಳು ತಮ್ಮ ಗಳಿಕೆಯ ಒಂದು ಪಾಲನ್ನು ಹುಟ್ಟೂರಿನ ಶಾಲೆಗೆ, ಪ್ರಸಾದನಿಲಯಕ್ಕೆ ಮುಡಿಪಾಗಿಟ್ಟರೆ, ದೂರವಿದ್ದೂ ಅವರು ದಾಸೋಹಿಗಳೇ.

ಹೊಸನಗರ ತಾಲ್ಲೂಕಿನ ಬಿದನೂರು ನಗರದ ಬಳಿಯ ದೇವಗಂಗೆಯ ಕೊಳಗಳನ್ನು ನಾಯಕರು ಕಟ್ಟಿಸಿದರು. ಅರಮನೆ ಅಳಿದರೂ ಅವುಗಳಲ್ಲಿ ನೀರು ಇಂದಿಗೂ ನಿಲ್ಲದೆ ಹರಿಯುತ್ತಿದೆ. ಮೇಲಿನ ಕೊಳ ತನಗೆ ಬಂದುದನ್ನು ಕೆಳಗಿನದಕ್ಕೆ ಬಿಟ್ಟುಕೊಟ್ಟರೆ ಮಾತ್ರ ನೀರು ತಿಳಿಯಾಗಿರುತ್ತದೆ. ಮಲೆನಾಡಿನ ಸದ್ಭಕ್ತರು ಈ ಧರ್ಮವನ್ನು ಮುಂದಿನ ಪೀಳಿಗೆಗೆ ದಾಟಿಸಲಿ ಎಂಬುದು ನಮ್ಮ ಹಾರೈಕೆ.